ಓತಿಕ್ಯಾತನ ಮುಂದೆ ಸಬ್ಬಸಗಿ

ಉಪಚಾರದ ವಿಷಯದಲ್ಲಿ ನಮ್ಮ ರಾಯಚೂರು ಸೀಮೆಯವರು ಯಾರಿಗೂ ಸೋಲತಕ್ಕವರಲ್ಲ. ಊಟಕ್ಕೆ ಕುಳಿತವರು “ಸಾಕು” ಎಂದರೆ ಅದಕ್ಕೆ “ಇನ್ನೊಂದು ರೊಟ್ಟಿ” ಎಂದೇ ಅರ್ಥಮಾಡಿಕೊಳ್ಳುವ ಜನ ನಾವು. ಬಡಿಸುವ ಕೈಗೆ ಉಣ್ಣುವವನ ಹೊಟ್ಟೆಯ ಪರಿಚಯವಿರಬೇಕೆಂಬ ಸಣ್ಣ ಮಾತು ಇಷ್ಟು ವರ್ಷಗಳಾದರೂ ನನಗೆ ಹೊಳೆದಿರಲಿಲ್ಲ. ಕಳೆದ ಬೇಸಗೆಯಲ್ಲಿ ಅದನ್ನು ನನಗೆ ಕಲಿಸಿದ್ದು ಒಂದು ಓತಿಕ್ಯಾತ.

ಕಥೆಯ ಮೂಲವಿರುವುದು ದೂರದ ಸಿಡ್ನಿಯಲ್ಲಿ. ಅಲ್ಲಿ ನೆಲೆಸಿರುವ ನನ್ನ ಅಕ್ಕನ ಮನೆಯಲ್ಲಿ ಒಂದು ಗಡ್ಡದ ಓತಿಯಿದೆ. ಇಂಗ್ಲಿಷರು ಅದನ್ನು ‘ಬಿಯರ್ಡೆಡ್ ಡ್ರಾಗನ್’ ಎಂದು ಕರೆದರು. ಶಾಸ್ತ್ರಜ್ಞರು ‘ಪೊಗೊನಾ ವಿಟಿಸೆಪ್ಸ್’ ಎಂದರು. ಗ್ರೀಕ್ ಭಾಷೆಯಲ್ಲಿ ‘ಪೊಗೊನ್’ ಎಂದರೆ ಗಡ್ಡವೇ. ಕೋಪ ಬಂದಾಗ ಗಂಟಲ ಕೆಳಗಿನ ಮುಳ್ಳುಮುಳ್ಳಾದ ಚರ್ಮವನ್ನು ಉಬ್ಬಿಸಿ ಕಪ್ಪಾಗಿಸುವುದರಿಂದ ಅದಕ್ಕೆ ಈ ಹೆಸರು. ಹೆಸರಿನಲ್ಲಿ ಭೀಕರವಾದರೂ ಸ್ವಭಾವದಲ್ಲಿ ಸಾಧು. ಮಕ್ಕಳ ಹೆಗಲ ಮೇಲೆ ಗಂಟೆಗಟ್ಟಲೆ ಕುಳಿತಿರುತ್ತದೆ. ಅಲ್ಲಿಯ ನ್ಯೂ ಸೌತ್ ವೇಲ್ಸ್ ರಾಜ್ಯದಲ್ಲಿ ಅದನ್ನು ಸಾಕಲು ಸರಕಾರದ ಪರವಾನಗಿ ಬೇಕು. ಅಡವಿಯಿಂದ ಹಿಡಿದು ತರುವಂತಿಲ್ಲ.

ಒಂದು ಭಾನುವಾರ ಮೊಬೈಲಿನ ಪರದೆಯಲ್ಲಿ ಅಕ್ಕ ಆ ಪ್ರಾಣಿಗೆ ಊಟ ಬಡಿಸುವುದನ್ನು ತೋರಿಸಿದಳು. ತಟ್ಟೆಯಲ್ಲಿ ತುರಿದ ಸಿಹಿಗುಂಬಳ, ಸಣ್ಣಗೆ ಹೆಚ್ಚಿದ ಸೊಪ್ಪು, ಮೇಲೊಂದು ದಾಸವಾಳದ ಹೂವು. ಅದು ತಲೆಯನ್ನು ಓರೆಮಾಡಿ ನೋಡಿ, ಮೊದಲು ಹೂವನ್ನೇ ಕಚ್ಚಿತು. ನನ್ನ ಒಂಬತ್ತು ವರ್ಷದ ಮಗ ಕುಣಿದಾಡಿದನು. ಪಕ್ಕದಲ್ಲಿ ಜಪಮಾಲೆ ಹಿಡಿದು ಕುಳಿತಿದ್ದ ನನ್ನ ತಾಯಿಯೂ ಮೆಚ್ಚಿಕೊಂಡರು. “ಎಷ್ಟು ಸಾತ್ವಿಕ ಪ್ರಾಣಿ ನೋಡು, ಹೂವು ತಿಂತದ!” ಎಂದರು. ತಲೆತಲಾಂತರದಿಂದ ಸೊಪ್ಪುಸದೆ ತಿಂದು ಬದುಕಿದ ಮನೆ ನಮ್ಮದು. ಓತಿಯೂ ನಮ್ಮ ಪಂಕ್ತಿಗೆ ಸೇರಿತಲ್ಲಾ ಎಂದು ನನಗೂ ಒಳಗೊಳಗೇ ಹೆಮ್ಮೆಯೆನಿಸಿದ್ದು ಸುಳ್ಳಲ್ಲ.

ಮುಂದಿನ ವಾರ ಮಗನು ದೇವದುರ್ಗದ ಅಜ್ಜನ ಊರಿಗೆ ಹೋದನು. ಮಾವನವರ ಹೊಲ ಊರ ಹೊರಗಿದೆ. ಹತ್ತಿ ಬಿಡಿಸಿಯಾಗಿ, ನೆಲ ಬಿರುಕುಬಿಟ್ಟು, ಜಾಲಿಮುಳ್ಳಿನ ಬೇಲಿಯೊಂದೇ ಅಲ್ಲಿ ಉಳಿದಿತ್ತು. ಬೇಲಿಯ ಗೂಟದ ಮೇಲೆ ಕತ್ತೆತ್ತಿ ಕುಳಿತಿದ್ದ ಓತಿಕ್ಯಾತನು ಮಗನ ಕಣ್ಣಿಗೆ ಬಿದ್ದನು. ಅದೇ ಮುಳ್ಳಿನ ಬೆನ್ನು, ಅದೇ ಓರೆನೋಟ! ಸಿಡ್ನಿಯ ಬಂಧುವೇ ದೇವದುರ್ಗಕ್ಕೆ ಬಂದಿರುವನೆಂದು ಹುಡುಗನು ನಂಬಿದನು. ಹೊಲದ ಆಳುಮಗನ ನೆರವಿನಿಂದ ಅದನ್ನು ಹಿಡಿದು, ಚಪ್ಪಲಿಯ ಪೆಟ್ಟಿಗೆಗೆ ತೂತುಗಳನ್ನು ಕೊರೆದು ಅದರೊಳಗಿಟ್ಟು ರಾಯಚೂರಿಗೆ ತಂದನು.

ನಾನು ಬಯ್ಯಲಿಲ್ಲ. ಅದು ನನ್ನ ತಪ್ಪು. ಬಯ್ಯುವ ಬದಲು ಕೈಚೀಲ ಹಿಡಿದು ಮಗನೊಡನೆ ಉಸ್ಮಾನಿಯಾ ಮಾರ್ಕೆಟ್ಟಿಗೆ ಹೊರಟೆನು. ಸಬ್ಬಸಗಿ, ಮೆಂತ್ಯ, ರಾಜಗಿರಿ, ಪುಂಡಿಪಲ್ಯ, ಗಜ್ಜರಿ, ಸವತೆ ಎಲ್ಲವನ್ನೂ ಕೊಂಡೆವು. ಪೆಟ್ಟಿಗೆಯೊಳಗೆ ಒಂದು ಸಣ್ಣ ಮದುವೆಯೂಟವೇ ಸಿದ್ಧವಾಯಿತು. ಬಿಸಿಲಿನ ತಾಪ ತಟ್ಟಬಾರದೆಂದು ಮಗನು ಪೆಟ್ಟಿಗೆಯನ್ನು ಪಂಖದ ಕೆಳಗೆ ನೆರಳಿನಲ್ಲಿಟ್ಟನು.

ಓತಿಕ್ಯಾತನು ಏನನ್ನೂ ಮುಟ್ಟಲಿಲ್ಲ. ಮರುದಿನ ಸೊಪ್ಪು ಬಾಡಿತು, ಹೊಸದನ್ನಿಟ್ಟೆವು. ಮೂರನೆಯ ದಿನ ಅದರ ಮೈಬಣ್ಣ ಮಂಕಾಗಿ, ಕಣ್ಣು ಒಳಕ್ಕೆ ಸೇದಿದಂತೆ ಕಂಡಿತು. “ಅಪ್ಪಾ, ಇದು ಏನೂ ತಿನ್ನವಲ್ದು” ಎನ್ನುವಾಗ ಮಗನ ಕಂಠ ಬಿಗಿದಿತ್ತು. ಸಬ್ಬಸಗಿಯ ಎಸಳೊಂದನ್ನು ಅದರ ಬಾಯಿಗೆ ತುರುಕಲು ಅವನು ಕೈ ಚಾಚಿದಾಗ ನನಗೆ ಎಚ್ಚರವಾಯಿತು.

ನಮ್ಮ ಕಾಲೇಜಿನ ಪ್ರಾಣಿಶಾಸ್ತ್ರದ ಅಧ್ಯಾಪಕ ಮಿತ್ರರನ್ನು ಕರೆಸಿದೆ. ಅವರು ಪೆಟ್ಟಿಗೆಯೊಳಗೆ ಇಣುಕಿ ನೋಡಿ, ನನ್ನ ಮುಖವನ್ನು ಮರುಕದಿಂದ ದಿಟ್ಟಿಸಿದರು. “ಕುಲ ಒಂದೇ, ನಿಜ. ಗಡ್ಡದ ಓತಿಯೂ ನಮ್ಮ ಓತಿಕ್ಯಾತನೂ ‘ಅಗಾಮಿಡೆ’ ಎಂಬ ಒಂದೇ ಕುಟುಂಬದವು. ಆದರೆ ಕುಲ ಒಂದಾದ ಮಾತ್ರಕ್ಕೆ ಅಡಿಗೆ ಒಂದಾಗಬೇಕೇನು? ನಿಮ್ಮ ಅತಿಥಿಗೆ ಬೇಕಾದದ್ದು ಇರುವೆ, ಮಿಡತೆ, ಕಂಬಳಿಹುಳ. ಅದೂ ಓಡಾಡುವ ಜೀವಂತ ಹುಳ. ಅಲುಗಾಡದ್ದನ್ನು ಅದು ಆಹಾರವೆಂದು ಲೆಕ್ಕಿಸುವುದೇ ಕಡಿಮೆ. ಮೇಲಾಗಿ ನೀವು ಅದನ್ನು ತಂಪಿನಲ್ಲಿಟ್ಟಿದ್ದೀರಿ. ಅದರ ಮೈಯಲ್ಲಿ ಸ್ವಂತ ಒಲೆಯಿಲ್ಲ. ಸೂರ್ಯನೇ ಅದರ ಒಲೆ. ಮೈ ಕಾಯದಿದ್ದರೆ ಹೊಟ್ಟೆಗೆ ಬಿದ್ದದ್ದೂ ಜೀರ್ಣವಾಗದು. ಇವೆಲ್ಲಕ್ಕಿಂತ ಹೆಚ್ಚಾಗಿ, ಅದು ಹೆದರಿದೆ” ಎಂದರು.

ಹಾಗಾದರೆ ಸಿಡ್ನಿಯ ಓತಿ ಸೊಪ್ಪು ತಿನ್ನುವುದು ಹೇಗೆ? ಆ ರಾತ್ರಿ ಅಕ್ಕನನ್ನೇ ಕೇಳಿದೆ. ಅವಳು ಹೇಳಿದ್ದನ್ನೂ ಮಿತ್ರರು ವಿವರಿಸಿದ್ದನ್ನೂ ಸೇರಿಸಿ ಇಲ್ಲಿ ಬರೆಯುತ್ತೇನೆ. ಇಂಥ ಪ್ರಾಣಿಗಳು ಈಗ ನಮ್ಮ ನಗರಗಳ ಮನೆಗಳಿಗೂ ಬರತೊಡಗಿರುವುದರಿಂದ ಕೆಲವು ವಾಚಕರಿಗಾದರೂ ಇದು ಉಪಯೋಗಕ್ಕೆ ಬಂದೀತು.

ಗಡ್ಡದ ಓತಿಯ ತವರು ಆಸ್ಟ್ರೇಲಿಯದ ಒಳನಾಡಿನ ಒಣಭೂಮಿ. ಅಲ್ಲಿ ಹುಳ ಸಿಕ್ಕಾಗ ಹುಳ, ಎಲೆ ಸಿಕ್ಕಾಗ ಎಲೆ, ಹೂವು ಸಿಕ್ಕಾಗ ಹೂವು. ಮರಿಯಾಗಿರುವಾಗ ಮೈ ಬೆಳೆಯಬೇಕಾದ್ದರಿಂದ ಅದರ ಊಟದಲ್ಲಿ ಹುಳಗಳದೇ ದೊಡ್ಡ ಪಾಲು. ವಯಸ್ಸಿಗೆ ಬಂದಮೇಲೆ ಲೆಕ್ಕ ತಿರುಗಿ ಸೊಪ್ಪು ತರಕಾರಿಗಳೇ ಹೆಚ್ಚಾಗುತ್ತವೆ. ಅಕ್ಕನ ಮನೆಯದು ವಯಸ್ಸಾದ ಓತಿ. ಅದಕ್ಕೂ ವಾರದಲ್ಲಿ ಒಂದೆರಡು ಸಲ ಹುಳಗಳುಂಟು. ನನ್ನ ತಾಯಿಯ ಕಣ್ಣಿಗೆ ಬೀಳದಿರಲೆಂದು ಅಕ್ಕ ಅದನ್ನು ನಮಗೆ ತೋರಿಸಿರಲಿಲ್ಲವಷ್ಟೆ!

ಸೊಪ್ಪಿನಲ್ಲಿಯೂ ಎಲ್ಲವೂ ಒಂದೇ ಅಲ್ಲ. ಇಂಥ ಪ್ರಾಣಿಯ ಎಲುಬಿಗೆ ಸುಣ್ಣದ ಅಂಶ, ಅಂದರೆ ಕ್ಯಾಲ್ಸಿಯಂ, ಬಹಳ ಬೇಕು. ಆಹಾರದಲ್ಲಿ ರಂಜಕ ಒಂದು ಪಾಲಿದ್ದರೆ ಕ್ಯಾಲ್ಸಿಯಂ ಸುಮಾರು 2 ಪಾಲಿರಬೇಕೆಂಬುದು ಬಲ್ಲವರ ಮಾತು. ಪಾಲಕ, ರಾಜಗಿರಿ, ಗೋಳಿಪಲ್ಯ ಮತ್ತು ನಮ್ಮ ನಾಲಗೆಗೆ ಅಮೃತಪ್ರಾಯವಾದ ಪುಂಡಿಪಲ್ಯ, ಇವುಗಳಲ್ಲಿ ಆಕ್ಸಲಿಕ್ ಆಮ್ಲವಿದೆ. ಅದು ಕ್ಯಾಲ್ಸಿಯಮ್ಮನ್ನು ಕಟ್ಟಿಹಾಕಿ ಮೈಗೆ ಹತ್ತಗೊಡುವುದಿಲ್ಲ. ಆದ್ದರಿಂದ ಇವು ನಿತ್ಯದ ಊಟಕ್ಕೆ ಸಲ್ಲವು. ಎಲೆಕೋಸನ್ನು ದಿನವೂ ಕೊಟ್ಟರೆ ಕಂಠದ ಗ್ರಂಥಿಗೆ ತೊಂದರೆ. ಸವತೆಯಲ್ಲಿ ನೀರಲ್ಲದೆ ಹೆಚ್ಚೇನೂ ಇಲ್ಲ. ಈರುಳ್ಳಿ, ಬೆಳ್ಳುಳ್ಳಿ ಕೂಡದು, ಬೆಣ್ಣೆಹಣ್ಣು ವಿಷಸಮಾನ. ನುಗ್ಗೆಸೊಪ್ಪು, ಹಿಪ್ಪುನೇರಳೆಯ ಎಲೆ, ದಾಸವಾಳದ ಎಲೆ ಮತ್ತು ಹೂವು, ಸಿಹಿಗುಂಬಳ, ಕೊಂಚ ಗಜ್ಜರಿ, ಇವನ್ನು ಸಣ್ಣಗೆ ಹೆಚ್ಚಿ, ದಿನಕ್ಕೊಂದರಂತೆ ಬದಲಿಸಿ ಕೊಡಬಹುದು. ನುಗ್ಗೆಮರವಿಲ್ಲದ ಹಿತ್ತಲು ನಮ್ಮ ಕಡೆ ಅಪರೂಪವಾದ್ದರಿಂದ ಇದಕ್ಕಾಗಿ ಪರದೇಶದ ಸೊಪ್ಪನ್ನು ಹುಡುಕಬೇಕಾಗಿಲ್ಲ.

ಎಚ್ಚರಿಕೆಯ ಮಾತುಗಳೂ ಇವೆ. ಮಾನ್ವಿಯ ಕಾಲುವೆ ಕೆಳಗಿನ ಭತ್ತದ ಗದ್ದೆಗೂ ದೇವದುರ್ಗದ ಹತ್ತಿಹೊಲಕ್ಕೂ ಔಷಧಿ ಹೊಡೆಯುತ್ತಾರೆ. ಅಂಥಲ್ಲಿ ಹಿಡಿದ ಹುಳವನ್ನು ಸಾಕುಪ್ರಾಣಿಗೆ ಹಾಕಬಾರದು. ಪೇಟೆಯ ಸೊಪ್ಪನ್ನು ಚೆನ್ನಾಗಿ ತೊಳೆಯಬೇಕು. ಹುಳದ ಗಾತ್ರ ಪ್ರಾಣಿಯ ಎರಡು ಕಣ್ಣುಗಳ ನಡುವಣ ಅಂತರಕ್ಕಿಂತ ದೊಡ್ಡದಾಗಿರಬಾರದು. ಮಿಂಚುಹುಳವನ್ನಂತೂ ಹತ್ತಿರಕ್ಕೂ ಬಿಡಬಾರದು. ಅಮೆರಿಕದ ಮಿಂಚುಹುಳಗಳನ್ನು ತಿಂದ ಗಡ್ಡದ ಓತಿಗಳು ಸತ್ತದ್ದುಂಟು. ಊಟದಷ್ಟೇ ಮುಖ್ಯವಾದದ್ದು ಬೆಳಕು. ಬಿಸಿಲಿನಲ್ಲಿರುವ ನೇರಳಾತೀತ ಕಿರಣ ಮೈಮೇಲೆ ಬಿದ್ದರೇನೇ ಡಿ ಜೀವಸತ್ವ ಹುಟ್ಟಿ ಕ್ಯಾಲ್ಸಿಯಂ ಎಲುಬನ್ನು ಸೇರುತ್ತದೆ. ಕಿಟಕಿಯ ಗಾಜಿನ ಮೂಲಕ ಬಂದ ಬಿಸಿಲಿನಲ್ಲಿ ಆ ಕಿರಣ ಉಳಿಯುವುದಿಲ್ಲ. ಅದಕ್ಕೆಂದೇ ವಿಶೇಷವಾದ ದೀಪ ಬೇಕು. ಪೆಟ್ಟಿಗೆಯ ಒಂದು ತುದಿ ಸುಮಾರು 40 ಡಿಗ್ರಿ ಕಾದಿದ್ದು ಇನ್ನೊಂದು ತುದಿ ತಂಪಾಗಿರಬೇಕು. ಇದಿಲ್ಲದೆ ಎಷ್ಟು ಸೊಪ್ಪು ತಿನಿಸಿದರೂ ಎಲುಬು ಮೆತ್ತಗಾಗಿ ಕಾಲು ಸೊಟ್ಟಗಾಗುತ್ತದೆ.

ಕಾನೂನನ್ನೂ ಮರೆಯುವಂತಿಲ್ಲ. ನಮ್ಮ ಒಣಸೀಮೆಯ ನಕ್ಷತ್ರ ಆಮೆಯನ್ನು ಅದೃಷ್ಟ ತರುವುದೆಂದು ಮನೆಯಲ್ಲಿಟ್ಟು ಸೊಪ್ಪು ಹಾಕುವವರಿದ್ದಾರೆ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಗೆ 2022ರಲ್ಲಿ ಆದ ತಿದ್ದುಪಡಿಯಿಂದ ಆ ಆಮೆ ಮೊದಲನೆಯ ಅನುಸೂಚಿಗೆ ಸೇರಿದೆ; ಅದನ್ನು ಹಿಡಿದಿಡುವುದು ಗುರುತರವಾದ ಅಪರಾಧ. ಹೊರದೇಶದ ಕೆಲವು ಪ್ರಾಣಿಗಳನ್ನು ಸಾಕುವವರು ನೋಂದಣಿ ಮಾಡಿಸಬೇಕೆಂದು 2024ರಲ್ಲಿ ನಿಯಮಗಳೂ ಬಂದಿವೆ. ಕೊಳ್ಳುವ ಮೊದಲು ಅರಣ್ಯ ಇಲಾಖೆಯಲ್ಲಿ ವಿಚಾರಿಸುವುದು ಲೇಸು.

ಇನ್ನು ನಮ್ಮ ಅತಿಥಿಯ ಪಾಡು. ಆ ಸಂಜೆ ನನ್ನ ತಾಯಿ ಮೊಮ್ಮಗನನ್ನು ಹತ್ತಿರ ಕೂಡಿಸಿಕೊಂಡು ನೃಗರಾಜನ ಕಥೆ ಹೇಳಿದರು. ಭಾಗವತದ ದಶಮಸ್ಕಂಧದಲ್ಲಿ ಬರುವ ಕಥೆ ಅದು. ನೃಗನು ಎಣಿಕೆಯಿಲ್ಲದಷ್ಟು ಗೋವುಗಳನ್ನು ದಾನಮಾಡಿದವನು. ಒಮ್ಮೆ ಒಬ್ಬರಿಗೆ ಕೊಟ್ಟ ಹಸು ತಪ್ಪಿಸಿಕೊಂಡು ಹಿಂಡಿಗೆ ಬಂದಿತ್ತು. ಅದನ್ನರಿಯದೆ ಇನ್ನೊಬ್ಬರಿಗೆ ಕೊಟ್ಟುಬಿಟ್ಟನು. ಆ ಒಂದು ತಪ್ಪಿಗಾಗಿ ಓತಿಕ್ಯಾತನಾಗಿ ಹಾಳುಬಾವಿಯಲ್ಲಿ ಬಿದ್ದನು. ಆಟವಾಡಲು ಹೋದ ಯಾದವರ ಮಕ್ಕಳು ಅವನನ್ನು ಕಂಡು, ಹಗ್ಗ ಕಟ್ಟಿ ಎಳೆದೂ ಎತ್ತಲಾರದೆ ಕೃಷ್ಣನನ್ನು ಕರೆತಂದರು.

“ಅಷ್ಟು ದಾನ ಮಾಡಿದವಗ ಯಾಕ ಶಿಕ್ಷಾ, ಅಜ್ಜಿ?” ಎಂದು ಮಗ ಕೇಳಿದನು.

“ಕೈ ಬಿಚ್ಚಿ ಕೊಟ್ಟ, ಕಣ್ಣು ಬಿಚ್ಚಿ ನೋಡಲಿಲ್ಲ” ಎಂದರು ತಾಯಿ.

ಮಗನು ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಎದ್ದು ಪೆಟ್ಟಿಗೆಯಿಂದ ಸೊಪ್ಪನ್ನೆಲ್ಲ ತೆಗೆದುಹಾಕಿ, “ಬಿಟ್ಟುಬರೋಣಪ್ಪ” ಎಂದನು.

ಮರುದಿನ ಬಂಧುಗಳ ಮನೆಯ ಮುಂಜಿವೆಗಾಗಿ ನಾವು ಮಾನ್ವಿಗೆ ಹೊರಡಬೇಕಾಗಿತ್ತು. ದಾರಿಯಲ್ಲಿ ಯಾವುದಾದರೊಂದು ಬೇಲಿಯ ಬಳಿ ಬಿಟ್ಟರಾಯಿತೆಂದು ನಾನು ಯೋಚಿಸಿದೆ. ಹೊಲ ಹೊಲವೇ, ಬೇಲಿ ಬೇಲಿಯೇ! ಮಿತ್ರರು ಒಪ್ಪಲಿಲ್ಲ. “ಪ್ರತಿಯೊಂದು ಗಂಡು ಓತಿಕ್ಯಾತನಿಗೂ ತನ್ನದೆಂಬ ಜಾಗವಿರುತ್ತದೆ. ಬೇರೊಂದರ ಜಾಗದಲ್ಲಿ ಬಿಟ್ಟರೆ ಈ ಸೊರಗಿದ ಸ್ಥಿತಿಯಲ್ಲಿ ಜಗಳಕ್ಕೆ ನಿಲ್ಲಲಾರದು. ಎಲ್ಲಿಂದ ತಂದಿರೋ ಅಲ್ಲಿಗೇ ಒಯ್ಯಿರಿ” ಎಂದರು. ಮುಂಜಿವೆಗೆ ಮನೆಯ ಉಳಿದವರು ಹೋದರು. ನಾನೂ ಮಗನೂ ತೂತಿನ ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ದೇವದುರ್ಗದ ಬಸ್ಸು ಹತ್ತಿದೆವು. ಪೆಟ್ಟಿಗೆಯಲ್ಲೇನಿದೆಯೆಂದು ಕೇಳಿದ ಕಂಡಕ್ಟರರಿಗೆ ಮಗನು, “ನಮ್ಮ ಮನಿಗೆ ಬಂದಿದ್ದರು, ಊರಿಗೆ ಕಳಸಲಿಕ್ಕೆ ಹೊಂಟೀವಿ” ಎಂದು ಗಂಭೀರವಾಗಿ ಉತ್ತರಕೊಟ್ಟನು.

ಹೊಲ ಮುಟ್ಟುವಾಗ ಬಿಸಿಲು ಏರಿತ್ತು. ಮಗನು ಅದೇ ಗೂಟವನ್ನು ಗುರುತಿಸಿ, ಪೆಟ್ಟಿಗೆಯನ್ನು ಅದರ ಬುಡದಲ್ಲಿ ಓರೆಯಾಗಿಟ್ಟು ದೂರ ಸರಿದು ನಿಂತನು. ತುಸು ಹೊತ್ತು ಏನೂ ಆಗಲಿಲ್ಲ. ಆಮೇಲೆ ಓತಿಕ್ಯಾತನು ತೆವಳುತ್ತ ಹೊರಬಂದು, ಗೂಟವನ್ನು ಅಪ್ಪಿಕೊಂಡು, ಮಧ್ಯದಲ್ಲಿ ಒಮ್ಮೆ ನಿಂತು ದಣಿವಾರಿಸಿಕೊಂಡು ಮೇಲೇರಿದನು. ಬಿಸಿಲಿಗೆ ಮೈಯೊಡ್ಡಿ ಕುಳಿತವನು ಕದಲಲಿಲ್ಲ. ಇರುವೆಯ ಸಾಲೊಂದು ಗೂಟದ ಮೇಲೆ ಹರಿದು ಬರುತ್ತಿತ್ತು. ಒಂದನ್ನಾದರೂ ಹಿಡಿಯುವನೇ ಎಂದು ಮಗನು ಉಸಿರು ಬಿಗಿಹಿಡಿದು ಕಾದನು, ನಾನೂ ಕಾದೆನು. ನಮ್ಮೆದುರಿಗೆ ಅವನು ಏನನ್ನೂ ತಿನ್ನಲಿಲ್ಲ. ಕೊನೆಗೆ ಬೇಲಿಯ ಆಚೆ ಬದಿಗೆ ಸರಿದು ಮರೆಯಾದನು.

ಆಮೇಲೆ ಅವನು ಉಂಡನೋ, ಬದುಕಿದನೋ ಎಂಬುದನ್ನು ನಾನು ಹೇಳಲಾರೆ. ಓತಿಕ್ಯಾತನಿಗೆ ಬೇಲಿಗೂಟ ಸಾಕ್ಷಿ ಎಂಬ ಗಾದೆಯನ್ನು ಸುಳ್ಳುಸಾಕ್ಷಿಯನ್ನು ಹಳಿಯಲು ಬಳಸುವುದುಂಟು. ನನ್ನ ಪಾಲಿಗೆ ಮಾತ್ರ ಆ ಗೂಟವೊಂದೇ ಈಗ ನಿಜವಾದ ಸಾಕ್ಷಿ.

ಮೊನ್ನೆ ಅಕ್ಕನು ಮತ್ತೆ ಮೊಬೈಲಿನಲ್ಲಿ ಕಾಣಿಸಿಕೊಂಡಾಗ ಮಗನು ಮೊದಲಿನಂತೆ “ನನಗೂ ಒಂದು ಬೇಕು” ಎನ್ನಲಿಲ್ಲ. “ಅತ್ತೆ, ಇವತ್ತು ಅದು ಹಸಿದದೇನು?” ಎಂದು ಕೇಳಿದನು. ತರಗತಿಯಲ್ಲಿ ವರ್ಷಗಟ್ಟಲೆ ನನಗೆ ಪ್ರಿಯವಾದ ಪಾಠವನ್ನೇ ಬಡಿಸುತ್ತ ಬಂದ ನಾನು ಆ ಪ್ರಶ್ನೆಯನ್ನು ಎಷ್ಟು ಮಂದಿ ವಿದ್ಯಾರ್ಥಿಗಳಿಗೆ ಕೇಳಿದ್ದೇನೆಂದು ಅಂದಿನಿಂದ ಲೆಕ್ಕಹಾಕುತ್ತಿದ್ದೇನೆ.