ಭವಿಷ್ಯವಾಣಿಯೂ ಮಳೆಯ ಲೆಕ್ಕವೂ

ಯುಗಾದಿಯ ದಿನ ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳ ಊರುಗಳಲ್ಲಿ ಪಂಚಾಂಗ ಓದುವುದನ್ನು ನಮ್ಮ ವಾಚಕರಲ್ಲಿ ಹಲವರು ಕೇಳಿರಬಹುದು. ಈ ವರ್ಷ ಇಷ್ಟು ಕೊಳಗ ಮಳೆ. ಅದರಲ್ಲಿ ಸಮುದ್ರಕ್ಕೆ ಇಷ್ಟು ಪಾಲು, ಪರ್ವತಕ್ಕೆ ಇಷ್ಟು, ಭೂಮಿಗೆ ಇಷ್ಟು ಎಂದು ಓದುವವರು ಹೇಳುತ್ತಾರೆ. ರೈತರು ಕಿವಿಗೊಟ್ಟು ಕೇಳುತ್ತಾರೆ. ಅವರ ಕಳವಳಕ್ಕೆ ಕಾರಣವಿದೆ. ಈ ಸೀಮೆಯ ಬೇಸಾಯದ ಬಹುಭಾಗ ಮಳೆಯನ್ನೇ ನಂಬಿದೆ. ತೊಗರಿಯನ್ನು ಮುಂಗಾರಿನಲ್ಲಿ ಬಿತ್ತಬೇಕು. ಬಿಳಿಜೋಳವನ್ನು ಎರೆಭೂಮಿ ಹಿಡಿದಿಟ್ಟ ತೇವದ ಮೇಲೆ ಹಿಂಗಾರಿನಲ್ಲಿ ಬೆಳೆಯಬೇಕು. ಹದ ತಪ್ಪಿದರೆ ಬೀಜ ಹೋಗುತ್ತದೆ, ಸಾಲ ಉಳಿಯುತ್ತದೆ. 1972ರ ಬರವನ್ನು ಕಂಡ ಹಿರಿಯರು ಅದನ್ನು ಮರೆತಿಲ್ಲ. 2020ರ ಅಕ್ಟೋಬರಿನಲ್ಲಿ ಭೀಮಾನದಿ ಉಕ್ಕಿ ಅಫಜಲಪುರ, ಜೇವರ್ಗಿಗಳ ಹೊಲಗಳನ್ನು ಮುಳುಗಿಸಿತು. ಇಂಥಲ್ಲಿ ಮುಂದೇನಾದೀತೆಂದು ತಿಳಿಯಬಯಸುವುದು ಮೌಢ್ಯವಲ್ಲ. ವಿಜ್ಞಾನದ ಮೊದಲ ಮೆಟ್ಟಿಲೇ ಅದು.

ಹಾಗಾದರೆ ಎರಡನೆಯ ಮೆಟ್ಟಿಲು ಯಾವುದು? ಭವಿಷ್ಯವಾಣಿಯನ್ನು ಒಂದು ಬಾಗಿಲಿನಿಂದ ಒಳಗೆ ಬಿಟ್ಟರೆ ಇನ್ನೊಂದು ಬಾಗಿಲಿನಿಂದ ಕ್ರಮಬದ್ಧ ಜ್ಞಾನವಾಗಿ ಹೊರಬರುವ ಮಾಯಾಮಂಟಪವೊಂದನ್ನು ಕಥೆಗಾರರು ಕಲ್ಪಿಸಿಯಾರು. ಅಂಥದೊಂದು ನಿಜವಾಗಿಯೂ ಇದೆ ಎಂದು ನಾವು ಹೇಳುತ್ತೇವೆ. ಅದು ಮೊಳಕಾಲೆತ್ತರದ ಮಳೆಮಾಪಕ. ಅದರ ಜೊತೆಗೊಂದು ಲೆಕ್ಕದ ಪುಸ್ತಕ.

ಹಿಂದಿನವರ ತಿಳಿವಳಿಕೆಯನ್ನೆಲ್ಲ ಒಂದೇ ಗಂಟು ಕಟ್ಟಿ ಎಸೆಯುವುದು ನ್ಯಾಯವಲ್ಲ. ಮಳೆನಕ್ಷತ್ರಗಳನ್ನೇ ನೋಡಿ. ಸೂರ್ಯನು 27 ನಕ್ಷತ್ರಗಳಲ್ಲಿ ಒಂದೊಂದರಲ್ಲೂ 13-14 ದಿನ ಇರುತ್ತಾನೆ. ಮೃಗಶಿರಾ, ಎಂದರೆ ಈ ಕಡೆಯ ಜನರ ಮಿರಗ, ಜೂನ್ ಮೊದಲ ವಾರದ ಕೊನೆಗೆ ಕೂಡುತ್ತದೆ. ಇದು ದಿವ್ಯದೃಷ್ಟಿಯಲ್ಲ, ಒಂದು ಸೌರ ಪಂಚಾಂಗ. ತಲೆಮಾರುಗಳ ಅವಲೋಕನದ ಫಲ. ಆದರೆ ಭೂಮಿಯ ಅಕ್ಷವು ಬುಗುರಿಯಂತೆ ನಿಧಾನವಾಗಿ ಓಲಾಡುವುದರಿಂದ ಈ ನಕ್ಷತ್ರಗಳ ದಿನಗಳು ಋತುಗಳಿಗೆ ಹೋಲಿಸಿದಾಗ ಸುಮಾರು 70 ವರ್ಷಗಳಿಗೆ ಒಂದು ದಿನದಂತೆ ಮುಂದೆ ಸರಿಯುತ್ತವೆ. ಸಾವಿರ ವರ್ಷಗಳಲ್ಲಿ ಒಂದು ನಕ್ಷತ್ರದಷ್ಟು ವ್ಯತ್ಯಾಸ ಬೀಳುತ್ತದೆ. ಅಷ್ಟು ಹಳೆಯ ಗಾದೆಯೊಂದು ಹುಟ್ಟಿದಾಗ ನಿಜವಾಗಿದ್ದರೂ ಇಂದು ಅದನ್ನು ಮರಳಿ ಪರೀಕ್ಷಿಸದೆ ನಂಬಲಾಗದು.

ಭವಿಷ್ಯವಾಣಿಯ ಮಾತು ಬೇರೆ. ಮೈಲಾರದ ಜಾತ್ರೆಯಲ್ಲಿ ಗೊರವಯ್ಯನು ಬಿಲ್ಲನ್ನೇರಿ ನುಡಿಯುವ ಕಾರಣಿಕವು ಒಂದೇ ಚಿಕ್ಕ ವಾಕ್ಯ. ಅದನ್ನು ಮಳೆಗೂ ಬೆಳೆಗೂ ರಾಜಕಾರಣಕ್ಕೂ ಜನ ಅನ್ವಯಿಸುತ್ತಾರೆ. ಅದರ ಭಕ್ತಿಯನ್ನಾಗಲಿ ಸೊಗಸನ್ನಾಗಲಿ ನಾವು ಹಳಿಯುವುದಿಲ್ಲ. ಆದರೆ ಯಾವ ಊರು, ಯಾವ ತಿಂಗಳು, ಎಷ್ಟು ಮಳೆ ಎಂಬುದು ಅದರಲ್ಲಿಲ್ಲ. ಪಂಚಾಂಗದ ಕೊಳಗವೂ ಹಾಗೆಯೇ. ಎಂದೂ ತಪ್ಪೆಂದು ತೋರಿಸಲಾಗದ ಮಾತಿನಿಂದ ಬಿತ್ತುವವನಿಗೆ ಪ್ರಯೋಜನವಿಲ್ಲ.

ಅಳತೆಯ ವಿಚಾರ ನಮಗೆ ಪರದೇಶದಿಂದ ಬಂದುದೆಂದು ತಿಳಿಯಬೇಕಾಗಿಲ್ಲ. ಕೌಟಿಲ್ಯನ ಅರ್ಥಶಾಸ್ತ್ರವು ಉಗ್ರಾಣದಲ್ಲಿ ಒಂದು ಮೊಳ ಬಾಯಗಲದ ಪಾತ್ರೆಯಿಟ್ಟು ಮಳೆಯನ್ನು ಅಳೆಯಲು ಹೇಳುತ್ತದೆ; ಗೋದಾವರಿ ತೀರದ ಅಶ್ಮಕ ದೇಶಕ್ಕೆ 13½ ದ್ರೋಣ ಮಳೆಯೆಂದು ಲೆಕ್ಕವನ್ನೂ ಕೊಡುತ್ತದೆ. 1875ರಲ್ಲಿ ಸ್ಥಾಪಿತವಾದ ಭಾರತ ಹವಾಮಾನ ಇಲಾಖೆಯು ದೇಶದಾದ್ಯಂತ ದಿನವೂ ಬೆಳಿಗ್ಗೆ 8-30ಕ್ಕೆ ಮಳೆಯನ್ನು ಅಳೆದು ಬರೆಯುವ ಪದ್ಧತಿಯನ್ನು ನಡೆಸಿಕೊಂಡು ಬಂದಿದೆ. ಒಂದು ಮಿಲಿಮೀಟರು ಮಳೆಯೆಂದರೆ ಒಂದು ಚದರ ಮೀಟರಿಗೆ ಒಂದು ಲೀಟರು, ಎಕರೆಗೆ ಸುಮಾರು 4,000 ಲೀಟರು ನೀರು. ಕರ್ನಾಟಕದಲ್ಲಿ 1988ರಲ್ಲಿ ಬರದ ಉಸ್ತುವಾರಿಗೆಂದು ಆರಂಭವಾದ ಘಟಕವೇ ಇಂದಿನ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ. ಅದು ಗ್ರಾಮ ಪಂಚಾಯತಿಯ ಮಟ್ಟದಲ್ಲಿ ತಾನಾಗಿಯೇ ವರದಿ ಕಳುಹಿಸುವ ಮಳೆಮಾಪಕಗಳನ್ನು ನಿಲ್ಲಿಸಿದೆ. ತಾಲ್ಲೂಕೊಂದನ್ನು ಬರಪೀಡಿತವೆಂದು ಘೋಷಿಸುವಾಗ ಇಂಥ ಅಂಕಿಗಳೂ ಆಧಾರವಾಗುತ್ತವೆ. ಹೀಗೆ ಅಂಕಿಯೊಂದು ತಪ್ಪಿದರೆ ಪರಿಹಾರವೂ ತಪ್ಪಬಹುದು.

ಇಲಾಖೆಯ ಮುನ್ಸೂಚನೆಯೂ ತಪ್ಪುವುದಿಲ್ಲವೆ ಎಂದು ಕೇಳುವವರುಂಟು. ತಪ್ಪುತ್ತದೆ. 2002ರಲ್ಲಿ ದೇಶಕ್ಕೆ ಸರಾಸರಿಯ ಶೇಕಡಾ 101ರಷ್ಟು ಮುಂಗಾರು ಮಳೆಯೆಂದು ಇಲಾಖೆ ಹೇಳಿತ್ತು. ಬಂದುದು ಶೇಕಡಾ 81 ಮಾತ್ರ. ಬಿತ್ತನೆಯ ಜುಲೈ ತಿಂಗಳಲ್ಲಂತೂ ವಾಡಿಕೆಯ ಅರ್ಧದಷ್ಟೇ ಮಳೆಯಾಯಿತು. ಆದರೆ ಮುಂದೆ ನಡೆದುದನ್ನು ಗಮನಿಸಬೇಕು. ಹೇಳಿದ್ದೂ ಆದುದೂ ಅಂಕಿಗಳಲ್ಲಿ ಎದುರುಬದುರು ನಿಂತಿದ್ದುದರಿಂದ ತಪ್ಪನ್ನು ಮುಚ್ಚಿಡುವಂತಿರಲಿಲ್ಲ. ಹಳೆಯ ಲೆಕ್ಕದ ವಿಧಾನವನ್ನು ಕೈಬಿಟ್ಟು ಮರುವರ್ಷವೇ ಹೊಸದನ್ನು ತಂದರು. ಸೋತಾಗ ತಿದ್ದಿಕೊಳ್ಳುವ ಈ ಗುಣವೇ ಜ್ಞಾನವನ್ನು ಭವಿಷ್ಯವಾಣಿಯಿಂದ ಬೇರ್ಪಡಿಸುತ್ತದೆ.

ನಿಜವಾದುದೆಲ್ಲವೂ ಜ್ಞಾನವೆಂದೂ ಭಾವಿಸಬಾರದು. ಒಂದು ಊರಿನಲ್ಲಿ ಉತ್ತರಾ ಮಳೆ 10 ವರ್ಷಗಳಲ್ಲಿ 7 ಸಲ ಚೆನ್ನಾಗಿ ಬರುತ್ತದೆಂದಿಟ್ಟುಕೊಳ್ಳಿ. ಪ್ರತಿವರ್ಷವೂ ಕಣ್ಣುಮುಚ್ಚಿ ‘ಬರುತ್ತದೆ’ ಎಂದವನ ಮಾತು 7 ಸಲ ನಿಜವಾಗುತ್ತದೆ. ನಾವು ಆ ಏಳನ್ನು ನೆನಪಿಡುತ್ತೇವೆ, ಮೂರನ್ನು ಮರೆಯುತ್ತೇವೆ. ಲೆಕ್ಕದ ಪುಸ್ತಕಕ್ಕೆ ಮಾತ್ರ ಈ ಮರೆವಿಲ್ಲ. ಮುನ್ಸೂಚನೆ ಯಾರದೇ ಆಗಲಿ, ಕಣ್ಣುಮುಚ್ಚಿ ಹೇಳುವವನಿಗಿಂತ ಹೆಚ್ಚು ಸಲ ಸರಿಯಾದಾಗಲೇ ಅದಕ್ಕೆ ಬೆಲೆ.

ಆದುದರಿಂದ ಈ ಮೂರು ತಾಲ್ಲೂಕುಗಳ ವಿದ್ಯಾರ್ಥಿಮಿತ್ರರಲ್ಲಿ ನಮ್ಮದೊಂದು ಬಿನ್ನಹ. ಶಾಲೆಯ ಅಂಗಳದಲ್ಲಿ ಮರ, ಗೋಡೆಗಳಿಂದ ದೂರವಾಗಿ, ನೆಟ್ಟಗಿನ ಗೋಡೆಯ, ಚಪ್ಪಟೆ ತಳದ ಡಬ್ಬಿಯೊಂದನ್ನು ಅಲುಗಾಡದಂತೆ ನಿಲ್ಲಿಸಿರಿ. ದಿನವೂ ಬೆಳಿಗ್ಗೆ 8-30ಕ್ಕೆ ನೀರಿನ ಆಳವನ್ನು ಅಳತೆಪಟ್ಟಿಯಿಂದ ನೋಡಿ ಬರೆದು ಡಬ್ಬಿಯನ್ನು ಬರಿದುಮಾಡಿರಿ. ಮಳೆಯಿಲ್ಲದ ದಿನ ಸೊನ್ನೆಯನ್ನು ಬರೆಯಲು ಮರೆಯದಿರಿ. ಪಕ್ಕದ ಅಂಕಣಗಳಲ್ಲಿ ಪಂಚಾಂಗದ ಮಾತನ್ನೂ ಇಲಾಖೆಯ ಮುನ್ಸೂಚನೆಯನ್ನೂ ಮುಂಚಿತವಾಗಿಯೇ ಬರೆದಿಡಿ. ವರ್ಷಾಂತ್ಯದಲ್ಲಿ ಪಕ್ಷಪಾತವಿಲ್ಲದೆ ತಾಳೆ ನೋಡಿರಿ. ಒಂದು ವರ್ಷದ ಪುಸ್ತಕ ಹೆಚ್ಚೇನನ್ನೂ ಹೇಳಲಾರದು. ಹತ್ತು ವರ್ಷದ್ದು ಹೇಳಬಲ್ಲುದು. ನೀವು ಶಾಲೆ ಬಿಟ್ಟ ಮೇಲೆ ಅದನ್ನು ಕಿರಿಯರ ಕೈಗೆ ಒಪ್ಪಿಸಿರಿ. ನಿಮ್ಮ ಊರಿನ ಹೊಲಕ್ಕೆ ನಿಜವಾಗಿ ಬಿದ್ದ ಮಳೆಯೆಷ್ಟೆಂಬುದನ್ನು ಯಾವ ಕಾಲಜ್ಞಾನವೂ ತಿಳಿಸದು. ಆ ಪುಸ್ತಕ ತಿಳಿಸೀತು.