ರಜಸ್ಸೂತಕ ಮತ್ತು ಎದೆಯ ಮೇಲಣ ಲಿಂಗ



ಬಸವಾದಿ ಶರಣರು ಅಲ್ಲಗಳೆದ ಪಂಚಸೂತಕಗಳಾವುವೆಂದು ಕೇಳಿದರೆ ನಮ್ಮ ಮನೆಯ ಮಕ್ಕಳೂ ಎಣಿಸಿ ಹೇಳುತ್ತಾರೆ: ಜನನ, ಜಾತಿ, ರಜಸ್ಸು, ಉಚ್ಛಿಷ್ಟ, ಪ್ರೇತ. ಹೀಗೆ ಹೇಳಿದ ಮಗಳೇ ಋತುಮತಿಯಾದ ಮೇಲೆ, ತಿಂಗಳಿಗೆ ಮೂರು ದಿನ ದೇವರ ಕೋಣೆಯ ಹೊಸ್ತಿಲು ದಾಟಬಾರದೆಂಬ ಮಾತನ್ನು ಹೆತ್ತ ತಾಯಿಯಿಂದಲೇ ಕೇಳಬೇಕಾಗುತ್ತದೆ.

ಮಗಳು ಮೊದಲ ಸಲ ಮೈನೆರೆದಾಗ ಮುತ್ತೈದೆಯರನ್ನು ಕರೆದು, ಹಸೆಯ ಮೇಲೆ ಕೂಡಿಸಿ ಆರತಿ ಬೆಳಗುತ್ತೇವೆ. ಎಳ್ಳುಬೆಲ್ಲದ ಚಿಗಳಿ, ಕೊಬ್ಬರಿ ತಿನ್ನಿಸುತ್ತೇವೆ. ಅದು ಮಂಗಳವೆಂದು ನೆರೆಹೊರೆಗೆಲ್ಲ ಸಾರಿದ ಮನೆಯೇ ಮರುತಿಂಗಳಿಂದ ಅದನ್ನು ಮೈಲಿಗೆಯೆನ್ನುತ್ತದೆ. ಇವೆರಡರಲ್ಲಿ ಯಾವುದು ದಿಟ?

ಇಷ್ಟಲಿಂಗವು ಗುಡಿಯ ಸ್ಥಾವರಲಿಂಗವಲ್ಲ. ಕರಡಿಗೆಯಲ್ಲಿಯೋ ವಸ್ತ್ರದಲ್ಲಿಯೋ ಸದಾ ಮೈಮೇಲಿರುವಂಥದು. ಅಂಗದಿಂದ ಅದನ್ನು ಅಗಲಿಸಬಾರದೆಂಬುದು ನಿಯಮ. ಸಮಾಧಿಯಲ್ಲಿಯೂ ಅದು ಜೊತೆಗಿರುತ್ತದೆ. ಆ ಮೂರು ದಿನಗಳಲ್ಲಿಯೂ ಮಗಳ ಎದೆಯ ಮೇಲೆ ಲಿಂಗವಿದೆ. ಎದೆಯ ಮೇಲಿರುವಾಗ ತಗುಲದ ಸೂತಕವು ಅಂಗೈಗೆ ಬಂದೊಡನೆ ತಗುಲುವುದು ಹೇಗೆ? (ಕೆಲವರು ಲಿಂಗವನ್ನೇ ತೆಗೆದಿಡಿಸುತ್ತಾರೆ. ಅದಂತೂ ಇನ್ನೂ ದೊಡ್ಡ ನಿಯಮಭಂಗ.) ಹೆರಿಗೆಯಾದ ಕೆಲವೇ ದಿನಗಳಲ್ಲಿ ಗುರುಗಳನ್ನು ಬರಮಾಡಿಕೊಂಡು ಕೂಸಿಗೆ ಲಿಂಗಧಾರಣೆ ಮಾಡಿಸುವ ಮನೆತನಗಳು ಇಂದಿಗೂ ಇವೆ. ಅಲ್ಲಿ ಪುರುಡನ್ನು ಎಣಿಸದ ನಾವು ಇಲ್ಲಿ ಮಾತ್ರ ದಿನವೆಣಿಸುವುದೇಕೆ?

12ನೆಯ ಶತಮಾನದಲ್ಲಿ ವಚನಗಳನ್ನು ರಚಿಸಿದ ಶರಣೆಯರು 30ಕ್ಕೂ ಹೆಚ್ಚು. ಅಕ್ಕಮಹಾದೇವಿ, ನೀಲಾಂಬಿಕೆ, ಸತ್ಯಕ್ಕ, ಆಯ್ದಕ್ಕಿ ಲಕ್ಕಮ್ಮನವರು ತಿಂಗಳಿಗೆ ಮೂರು ದಿನ ಅನುಭಾವಕ್ಕೆ ಬಿಡುವು ಕೊಟ್ಟಿದ್ದರೆಂದು ಭಾವಿಸಲಾದೀತೇ?

ಹೆಣ್ಣಿಗೆ ವಿಶ್ರಾಂತಿ ಸಿಗಲೆಂದು ಹಿರಿಯರು ಹೀಗೆ ಮಾಡಿದರೆಂದು ಹಲವರು ಹೇಳುವುದುಂಟು. ವಿಶ್ರಾಂತಿ ಅವಶ್ಯವಾಗಿ ಸಿಗಲಿ. ಆದರೆ ನೀರು ಹೊರುವುದು, ಬಟ್ಟೆ ಒಗೆಯುವುದು ದಣಿವಿನ ಕೆಲಸಗಳೇ ಹೊರತು ಕುಳಿತು ಮಾಡುವ ಲಿಂಗಪೂಜೆಯಲ್ಲ. ಇನ್ನೊಂದು ಸಂಗತಿಯೂ ಉಂಟು. ಕೂಡುಕುಟುಂಬಗಳು ಒಡೆದು ಗಂಡ, ಹೆಂಡತಿ, ಮಕ್ಕಳು ಮಾತ್ರವಿರುವ ಮನೆಗಳಾದಾಗ, ಬೇಯಿಸಿಕ್ಕುವವರು ಬೇರಾರೂ ಇಲ್ಲವಾಗಿ, ಅಡುಗೆಮನೆಯ ನಿಷೇಧವು ಯಾವ ಶಾಸ್ತ್ರವನ್ನೂ ಕೇಳದೆ ಸದ್ದಿಲ್ಲದೆ ಸಡಿಲವಾಯಿತು. ಪಕ್ಕದಲ್ಲಿರುವ ದೇವರ ಕೋಣೆಯ ನಿಷೇಧ ಹಾಗೆಯೇ ಉಳಿಯಿತು. ಅವಳ ಕೈಯಡುಗೆ ಮನೆಮಂದಿಗೆ ಬೇಕು, ಅವಳ ಪೂಜೆ ಮಾತ್ರ ಬೇಡ! ಇದು ಧರ್ಮವಲ್ಲ, ಬರಿಯ ಅನುಕೂಲ.

ಜಾತ್ರೆ, ಮದುವೆ, ಗೃಹಪ್ರವೇಶಗಳು ಹತ್ತಿರವಾದಂತೆ ಮುಟ್ಟನ್ನು ಮುಂದೂಡುವ ಮಾತ್ರೆ ನುಂಗುವ ಹೆಣ್ಣುಮಕ್ಕಳು ನಮ್ಮಲ್ಲಿಯೂ ಇದ್ದಾರೆ. ವೈದ್ಯರ ಅಗತ್ಯಕ್ಕಲ್ಲ, ಕೇವಲ ಸೂತಕದ ಭಯಕ್ಕೆ. ಸೂತಕವನ್ನೇ ಒಪ್ಪದ ಪರಂಪರೆಯ ಮನೆಯಲ್ಲಿ ಇದು ನಡೆಯುತ್ತಿರುವುದು ನೋವಿನ ಸಂಗತಿ.

ಪ್ರವಚನದಲ್ಲಿ ಇದನ್ನು ಕೇಳಿ ತಲೆದೂಗುವ ಗಂಡಸರು ಮನೆಗೆ ಹೋದ ಮೇಲೆ “ಅದು ಹೆಂಗಸರ ವಿಷಯ” ಎಂದು ಸುಮ್ಮನಾಗುತ್ತಾರೆ. ಆದುದರಿಂದ ಈ ವಿನಂತಿ ಮನೆಯ ಹಿರಿಯ ತಾಯಂದಿರಿಗೆ. ಮುಂದಿನ ಸಲ ಮೊಮ್ಮಗಳು ಹೊಸ್ತಿಲಾಚೆ ನಿಂತಾಗ, “ಒಳಗೆ ಬಾ ತಾಯಿ, ವಿಭೂತಿ ಧರಿಸಿ ಪೂಜೆಗೆ ಕೂಡು” ಎಂದು ತಾವೇ ಕರೆಯಿರಿ.