ಆ ಗೈಡು ನಾನೇನಾ?

ಮೊನ್ನೆ ಶನಿವಾರ ರಾತ್ರಿ ಗುರುಗ್ರಾಮದ ನಮ್ಮ ಫ್ಲಾಟಿನಲ್ಲಿ ಸುಮ್ಮನೆ ಯೂಟ್ಯೂಬ್ ನೋಡುತ್ತಿದ್ದಾಗ ಜಸ್ಪಾಲ್ ಭಟ್ಟಿ ಸಿಕ್ಕಿಬಿಟ್ಟರು. ನೆನಪಿದೆಯಾ, ದೂರದರ್ಶನದ ‘ಫ್ಲಾಪ್ ಶೋ’? 1989ರಲ್ಲಿ ಅದು ಬರುವಾಗ ನಾನಿನ್ನೂ ಪ್ರೈಮರಿ ಸ್ಕೂಲು. ಹಿಂದಿ ಒಂದಕ್ಷರ ಗೊತ್ತಿಲ್ಲ. ಸರ್ಕಾರಿ ಗುಮಾಸ್ತರಾಗಿದ್ದ ಅಪ್ಪ ಸುಳ್ಳು ಮೆಡಿಕಲ್ ಬಿಲ್ಲಿನ ಕಂತು ನೋಡಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಅವರು ನಕ್ಕಿದ್ದಕ್ಕೆ ನಾನೂ ನಗುತ್ತಿದ್ದೆ.

ಭಟ್ಟಿ ಹುಟ್ಟಿದ್ದು ಅಮೃತಸರದಲ್ಲಿ, 1955ರಲ್ಲಿ. ಚಂಡೀಗಢದಲ್ಲಿ ಓದಿದ್ದು ಎಲೆಕ್ಟ್ರಿಕಲ್ ಎಂಜಿನಿಯರಿಂಗ್. ಕಾಲೇಜಿನಲ್ಲೇ ‘ನಾನ್‌ಸೆನ್ಸ್ ಕ್ಲಬ್’ ಕಟ್ಟಿ ಬೀದಿ ನಾಟಕ ಆಡಿದರು. ‘ಟ್ರಿಬ್ಯೂನ್’ ಪತ್ರಿಕೆಗೆ ವ್ಯಂಗ್ಯಚಿತ್ರ ಬರೆದರು. ಆಮೇಲೆ ಟೀವಿಯಲ್ಲಿ ಪುಟ್ಟ ಪುಟ್ಟ ‘ಉಲ್ಟಾ ಪುಲ್ಟಾ’ಗಳು. ಇಷ್ಟೊಂದು ಹೆಸರು ತಂದುಕೊಟ್ಟ ‘ಫ್ಲಾಪ್ ಶೋ’ದ ಕಂತುಗಳು ಬರೀ ಹತ್ತು! ನಿರ್ಮಾಪಕಿ ಹೆಂಡತಿ ಸವಿತಾ. ಪಾತ್ರವನ್ನೂ ಅವರೇ ಮಾಡುತ್ತಿದ್ದರು.

ಈ ಸಲ ನೋಡುವಾಗ ಒಂದು ವಿಷಯ ಹೊಳೆಯಿತು. ಬೇರೆ ಹಾಸ್ಯಗಾರರು ಭ್ರಷ್ಟನನ್ನು ಬೈಯುವ ಒಳ್ಳೆಯವನ ಪಾತ್ರ ಇಟ್ಟುಕೊಳ್ಳುತ್ತಾರೆ. ಭಟ್ಟಿ ಹಾಗಲ್ಲ, ತಪ್ಪು ಮಾಡುವವನ ಪಾತ್ರವನ್ನು ತಾವೇ ಹಾಕಿಕೊಳ್ಳುತ್ತಿದ್ದರು. ಪಿಎಚ್‌ಡಿ ಕಂತಿನಲ್ಲಿ ವಿದ್ಯಾರ್ಥಿಯ ಕೈಲಿ ಮನೆಗೆಲಸ ಮಾಡಿಸುವ ಗೈಡು ಅವರೇ. ಮುಖದಲ್ಲಿ ಚೂರೂ ನಾಚಿಕೆಯಿಲ್ಲ, ಎಲ್ಲಾ ಸಹಜ ಅನ್ನುವ ಹಾಗೆ ಇರುತ್ತಾರೆ. ನಗು ಬರುವುದೇ ಅದಕ್ಕೆ.

ನಗುತ್ತಾ ಇದ್ದವನಿಗೆ ಥಟ್ಟನೆ ಗಂಟಲು ಕಟ್ಟಿತು. ಕಳೆದ ತಿಂಗಳು ಟೀಮಿಗೆ ಹೊಸದಾಗಿ ಸೇರಿದ ಹುಡುಗನಿಗೆ, “ಹೇಗೂ ಆ ಕಡೆನೇ ಹೋಗ್ತೀಯಲ್ಲ” ಅಂತ ನನ್ನ ಮಗನ ಸೈಕಲ್ ರಿಪೇರಿಗೆ ಕೊಟ್ಟು ಕಳಿಸಿದ್ದೆ. ಅವನ ಅಪ್ರೈಸಲ್ ಬರೆಯುವವನು ನಾನು. “ಆಯ್ತು ಸರ್” ಅನ್ನದೆ ಅವನಿಗೆ ಬೇರೆ ದಾರಿ ಇತ್ತಾ? ಆಗ ನನಗೂ ಎಲ್ಲಾ ಸಹಜವಾಗೇ ಕಂಡಿತ್ತು.

2012ರ ಅಕ್ಟೋಬರ್ 25ರಂದು ಪಂಜಾಬಿನಲ್ಲಿ ಕಾರು ಅಪಘಾತವಾಗಿ ಭಟ್ಟಿ ತೀರಿಕೊಂಡರು. ‘ಪವರ್ ಕಟ್’ ಅನ್ನುವ ತಮ್ಮ ಸಿನಿಮಾದ ಪ್ರಚಾರಕ್ಕೆ ಓಡಾಡುತ್ತಿದ್ದರು. ಮರುದಿನವೇ ಅದರ ಬಿಡುಗಡೆ. ಮುಂದಿನ ವರ್ಷ ಮರಣೋತ್ತರವಾಗಿ ಪದ್ಮಭೂಷಣ ಬಂತು.

ಸೋಮವಾರ ಆ ಹುಡುಗನನ್ನು ಚಹಾಕ್ಕೆ ಕರೆದುಕೊಂಡು ಹೋಗಿ, “ಸೈಕಲ್ ವಿಷಯದಲ್ಲಿ ನಂದು ತಪ್ಪಾಯ್ತಪ್ಪಾ” ಅಂದೆ. “ಪರವಾಗಿಲ್ಲ ಸರ್” ಅಂದ. ಮನಸ್ಸಿನಿಂದ ಅಂದನೋ, ಅಪ್ರೈಸಲ್ ನೆನಪಾಗಿ ಅಂದನೋ, ಗೊತ್ತಾಗಲಿಲ್ಲ.